ಸುಡಾಕಂತ ಬರದ ಪರದಿ

ಅವರ ಎಡಗಣ್ಣು ಬಲಗಣ್ಣಿಗಿಂತ ಸಣ್ಣದಾಗಿತ್ತು. ಹುಟ್ಟಿನಿಂದ ಬಂದದ್ದಲ್ಲ, ಕೆಲಸದಿಂದ ಬಂದದ್ದು. ನೆಲಕ್ಕೆ ಹಾಸಿ ಬರೆದ ಪರದೆಯನ್ನು ಹಗ್ಗ ಜಗ್ಗಿ ಮೇಲೇರಿಸಿ, ಶೆಡ್ಡಿನ ಎರಡೂ ಕದ ತೆರೆದಿಟ್ಟು, ರಸ್ತೆ ದಾಟಿ ಎದುರಿನ ಕಿರಾಣಿ ಅಂಗಡಿಯ ಕಟ್ಟೆ ಏರಿ ನಿಂತು ಎಡಗಣ್ಣು ಮುಚ್ಚಿ ನೋಡುತ್ತಿದ್ದರು. ಮತ್ತೆ ಬಂದು ಒಂದು ಗೆರೆ ಎಳೆಯುವುದು, ಮತ್ತೆ ರಸ್ತೆ ದಾಟುವುದು. ನಲವತ್ತು ವರ್ಷ ಹೀಗೆ ಮುಚ್ಚಿ ತೆರೆದ ಕಣ್ಣಿನ ಸುತ್ತ ಸುಕ್ಕು ಕಟ್ಟಿ, ಮುಖದ ಎಡಭಾಗ ಬಲಭಾಗದ ಅಣ್ಣನಂತೆ ಕಾಣುತ್ತಿತ್ತು. ಅಲ್ಲಿಂದ ಏನು ಕಾಣುತ್ತದೆ ಎಂದು ನಾನೊಮ್ಮೆ ಕೇಳಿದ್ದಕ್ಕೆ, "ಕಡೀ ಸಾಲಿನ್ಯಾಗ ಕುಂತ ಮುದುಕಿಗಿ ಏನ ಕಾಣತೈತಿ, ಅದ ಕಾಣತೈತಿ" ಎಂದಿದ್ದರು.

ಬನಹಟ್ಟಿಯಲ್ಲಿ ಎಲ್ಲರೂ ಅವರನ್ನು ಪರದಿ ಕಾಕಾ ಎನ್ನುತ್ತಿದ್ದರು. ಜಮಖಂಡಿ, ಮುಧೋಳ, ಬೀಳಗಿ ಸುತ್ತಿನ ಹಳ್ಳಿಗಳ ನಾಟಕಗಳಿಗೆ ಪರದೆ ಬರೆದು ಬಾಡಿಗೆಗೆ ಕೊಡುವುದು ಅವರ ಕಸುಬು. ದರ್ಬಾರ, ಕಾಡು, ಬೀದಿ, ಜೈಲು, ಗೌಡರ ಮನೆ, ಸ್ಮಶಾನ. ಈ ಆರು ಪರದೆಗಳೊಳಗೆ ಭೂಮಿಯ ಮೇಲಿನ ಯಾವ ನಾಟಕವಾದರೂ ಹಿಡಿಯುತ್ತದೆ ಎಂಬುದು ಅವರ ವಾದ. ಅವರ ಹೆಸರನ್ನು ನಾನು ಇಲ್ಲಿ ಬರೆಯುವುದಿಲ್ಲ. ಬರೆಯಲು ಮುಖವಿಲ್ಲ. ಯಾಕೆಂದು ಓದುತ್ತ ಹೋದರೆ ತಿಳಿಯುತ್ತದೆ.

ನಾನು ಸಿನಿಮಾ, ಧಾರಾವಾಹಿಗಳಿಗೆ ಸೆಟ್ ಹಾಕಿಸುವವಳು. ಹುಟ್ಟಿದ್ದು ರಬಕವಿಯ ನೇಕಾರರ ಮನೆಯಲ್ಲಿ. ಚಿತ್ರಕಲೆಯ ಡಿಪ್ಲೊಮಾ ಮುಗಿಸಿ ಜಮಖಂಡಿಯ ಒಂದು ಖಾಸಗಿ ಶಾಲೆಯಲ್ಲಿ ಡ್ರಾಯಿಂಗ್ ಟೀಚರ್ ಆಗಿದ್ದೆ. ಆ ವರ್ಷ ಶಾಲೆಯ ವಾರ್ಷಿಕ ಗ್ಯಾದರಿಂಗಿಗೆ ಒಂದು ಕಾಡಿನ ಪರದೆ ಬೇಕಾಗಿತ್ತು. ಬಾಡಿಗೆಗೆ ಕೇಳಲು ಅವರ ಶೆಡ್ಡಿಗೆ ಹೋದೆ. ಡಿಪ್ಲೊಮಾ ಹೊಸದು, ಸೊಕ್ಕೂ ಹೊಸದು. ತೂಗು ಹಾಕಿದ್ದ ದರ್ಬಾರ ಪರದೆಯನ್ನು ನೋಡಿದವಳೇ, ಕಂಬಗಳ ಅಳತೆ ತಪ್ಪಿದೆ, ಎಡಗಡೆಯವು ವಾಲಿವೆ ಎಂದು ಪಾಠ ಶುರು ಮಾಡಿದೆ. ನಮ್ಮ ಕಡೆ ಟೀಚರಿಗೆ ಅಕ್ಕೋರು ಎನ್ನುತ್ತಾರೆ. ತಮ್ಮ ಅರ್ಧ ವಯಸ್ಸಿನ ನನಗೆ ಆ ಮನುಷ್ಯ ಕೈಕಟ್ಟಿ ನಿಂತು, "ಖರೆ ಐತ್ರಿ ಅಕ್ಕೋರ, ತಪ್ಪೈತಿ. ಒಂಚೂರು ಈ ಕಡೆ ಬರ್ರಿ" ಎಂದರು. ರಸ್ತೆ ದಾಟಿಸಿ ಕಿರಾಣಿ ಅಂಗಡಿಯ ಕಟ್ಟೆ ಹತ್ತಿಸಿದರು. ಅಲ್ಲಿಂದ ನೋಡಿದರೆ ಕಂಬಗಳು ನೆಟ್ಟಗೆ ನಿಂತಿವೆ. ಒಂದೂ ಅಲ್ಲಾಡಿಲ್ಲ!

"ತಪ್ಪು ಎಲ್ಲಿ ಹೋತ್ರಿ?" ಎಂದೆ, ನಾಚಿಕೆಯಾಗಿ.

"ಇಲ್ಲೀತನಕ ನಡಕೋತ ಬರೂದ್ರಾಗ ಸರಿ ಆಗತೈತ್ರಿ ಅದು" ಎಂದು ನಕ್ಕರು.

ಅಂದಿನಿಂದ ಮೂರು ವರ್ಷ ನನ್ನ ಭಾನುವಾರಗಳೆಲ್ಲ ಆ ಶೆಡ್ಡಿನಲ್ಲೇ ಕಳೆದವು. ಸುತ್ತ ಮಗ್ಗಗಳ ಸದ್ದು, ನಡುವೆ ನೆಲಕ್ಕೆ ಹಾಸಿದ ಮಾದರಪಾಟು ಎಂಬ ಒರಟು ಹತ್ತಿ ಬಟ್ಟೆ, ಅದರ ಮೇಲೆ ಬರಿಗಾಲಲ್ಲಿ ಓಡಾಡುವ ಕಾಕಾ. ಕುಂಚವನ್ನು ಎದೆಯೆತ್ತರದ ಬಿದಿರು ಗಳಕ್ಕೆ ಕಟ್ಟಿ ನಿಂತುಕೊಂಡೇ ಬರೆಯುತ್ತಿದ್ದರು. "ಬಗ್ಗಿ ಬರದ್ರ ಇರುವಿಗೆ ಕಾಣತೈತಿ, ನಿಂತ ಬರದ್ರ ಮಂದಿಗೆ ಕಾಣತೈತಿ" ಎನ್ನುತ್ತಿದ್ದರು. ಬಟ್ಟೆಗೆ ನೇಕಾರರ ಹಾಗೆಯೇ ಗಂಜಿ ಕೊಡುತ್ತಿದ್ದರು. ಪುಡಿಬಣ್ಣಕ್ಕೆ ಅಂಟು ಬೆರೆಸಿ, ಹೆಬ್ಬೆರಳು ತೋರುಬೆರಳ ನಡುವೆ ಹೊಸೆದು, "ಇನ್ನಾ ಹಸೀ ಐತಿ" ಎಂದೋ "ಈಗ ಹದಕ್ಕ ಬಂತು" ಎಂದೋ ಹೇಳುತ್ತಿದ್ದರು. ಆ ಹದ ನನಗೆ ಕೊನೆಗೂ ಕೈವಶವಾಗಲಿಲ್ಲ. ನನ್ನ ಬಣ್ಣ ಒಣಗಿದ ಮೇಲೆ ಉದುರುತ್ತಿತ್ತು.

ಮೊದಮೊದಲು ನಾನು ಅಕ್ಕೋರು, ಬರ್ರಿ ಹೋಗ್ರಿ ಎಲ್ಲ ಗೌರವ. ಒಂದು ಭಾನುವಾರ ಏನೋ ಧ್ಯಾನದಲ್ಲಿ ಚಪ್ಪಲಿ ಕಾಲಲ್ಲೇ ಹಸಿ ಪರದೆಯ ಮೇಲೆ ಹೆಜ್ಜೆ ಇಟ್ಟುಬಿಟ್ಟೆ. ಆಗತಾನೇ ಬರೆದಿದ್ದ ಆಕಾಶ. "ಲೇ ತಂಗೀ, ಕಾಲ ತಗೀ!" ಎಂದು ಕಾಕಾ ಒದರಿದ್ದು ಓಣಿಗೆಲ್ಲ ಕೇಳಿಸಿತು. ಕಾಲು ತೆಗೆದರೆ ಆಕಾಶದ ನಡುಮಧ್ಯೆ ನನ್ನ ಪ್ಯಾರಗಾನ್ ಗುರುತು. ಕಾಕಾ ಕಟ್ಟೆಗೆ ಹೋಗಿ ನೋಡಿದರು, ಬಂದರು, ಆ ಹೆಜ್ಜೆಗೆ ಎರಡು ರೆಕ್ಕೆ ಎಳೆದು ಹದ್ದು ಮಾಡಿದರು. ಅವತ್ತಿನಿಂದ ಅಕ್ಕೋರು ಹೋಗಿ ತಂಗಿಯಾದೆ. ರೀ ಹೋಗಿ ನೀ ಬಂತು. ನಮ್ಮ ಭಾಗದಲ್ಲಿ ನೀ ಅನ್ನಿಸಿಕೊಳ್ಳುವುದೆಂದರೆ ಮನೆಯೊಳಗೆ ಬಂದಂತೆ. ನನಗೆ ಆದ ಖುಷಿಯನ್ನು ಈಗಲೂ ಹೇಳಲಾರೆ.

ಅವರ ದರ್ಬಾರ ಪರದೆಯಲ್ಲಿ ಒಂದು ನಾಯಿ ಇತ್ತು. ಬಾಡಿಗೆಗೆ ಹೋಗುತ್ತಿದ್ದ ದರ್ಬಾರಗಳು ನಾಲ್ಕೈದು. ಆದರೆ ನಾಯಿ ಇದ್ದದ್ದು ಒಂದರಲ್ಲೇ, ಅವರ ಕೈ ತುಂಬು ಹರೆಯದಲ್ಲಿದ್ದಾಗ ಬರೆದದ್ದರಲ್ಲಿ. ಸಿಂಹಾಸನದ ಬಲಗಡೆ ಕಂಬದ ಬುಡದಲ್ಲಿ ಒಂದು ಮುಧೋಳ ನಾಯಿ, ಸಣ್ಣ ಹೊಟ್ಟೆ, ಉದ್ದ ಮೂತಿ, ಮುಂಗಾಲ ಮೇಲೆ ಗದ್ದ ಊರಿ ನೋಡುತ್ತ ಮಲಗಿದೆ. ಅದನ್ನು ಬರೆಯಲು ಕಾಕಾ ಎಂಟು ದಿನ ಬಸ್ಸಿನಲ್ಲಿ ತಿಮ್ಮಾಪುರಕ್ಕೆ ಹೋಗಿ, ನಾಯಿ ಸಾಕುವವರೊಬ್ಬರ ಹೊಲದ ಬೇಲಿಯ ಹೊರಗೆ ನಿಂತು ಬಂದಿದ್ದರಂತೆ. ಸಾವಳಗಿಯಲ್ಲಿ ಒಮ್ಮೆ ಮಧ್ಯಾಹ್ನ ಪರದೆ ಕಟ್ಟುವಾಗ ನಾನೇ ಕಣ್ಣಾರೆ ನೋಡಿದ್ದೇನೆ. ಊರಿನ ಬೀದಿನಾಯಿಯೊಂದು ಸ್ಟೇಜಿನ ಮುಂದೆ ಬಂದು ನಿಂತು, ಆ ಬರೆದ ನಾಯಿಗೆ ಗುರ್ ಎಂದು ಹಲ್ಲು ತೋರಿಸಿತು. ನಾಟಕದ ಕಮಿಟಿಯವರು ಹೊಟ್ಟೆ ಹಿಡಿದು ನಕ್ಕರು. ಕಾಕಾ ನಗಲಿಲ್ಲ. ಬೀಡಿ ಹಚ್ಚಿ, "ಇನ್ನ ನಾಟಕದ ಚಿಂತಿ ಇಲ್ಲ" ಎಂದರು.

ಕೌರವನ ಸಭೆಯಲ್ಲಿ ಮುಧೋಳ ನಾಯಿ ಏಕೆ ಎಂದು ನಾನು ಕೇಳಿದ್ದೆ.

"ಪೂರಾ ಸುಳ್ಳು ಯಾರೂ ನಂಬಂಗಿಲ್ಲ ತಂಗಿ. ಸಿಂಹಾಸನ ಸುಳ್ಳು, ಕಂಬ ಸುಳ್ಳು, ರಾಜಾ ಅಂತೂ ನಮ್ಮ ಕಿರಾಣಿ ಅಂಗಡ್ಯಾಂವ. ಹಂತಾದ್ರಾಗ ಒಂದ ಖರೆ ಇಡಬೇಕು. ಮಂದಿ ಅದನ್ನ ಹಿಡಕೊಂಡು ಉಳಿದ ಸುಳ್ಳೆಲ್ಲಾ ನಂಬತಾರ."

ಈ ಒಂದು ಮಾತಿನ ಮೇಲೆ ನಾನು ಹನ್ನೆರಡು ವರ್ಷ ಅನ್ನ ತಿಂದಿದ್ದೇನೆ.

ಜಮಖಂಡಿಗೆ ಒಂದು ಧಾರಾವಾಹಿಯ ಶೂಟಿಂಗ್ ಬಂತು. ಅವರ ಆರ್ಟ್ ಡಿಪಾರ್ಟ್‌ಮೆಂಟಿನವ ಜಗಳಾಡಿ ಬಸ್ಸು ಹತ್ತಿದ್ದ. ಹೊಸ ಗೋಡೆಯೊಂದು ಹಳೇ ವಾಡೆಯ ಗೋಡೆಯಂತೆ ಕಾಣಬೇಕು, ಮಾಡುವವರಿಲ್ಲ. ಯಾರೋ ನನ್ನ ಹೆಸರು ಹೇಳಿದರು. ಪುಡಿಬಣ್ಣ, ಗಂಜಿ, ಚಹಾದ ನೀರು ಹಚ್ಚಿ ಮಧ್ಯಾಹ್ನದೊಳಗೆ ಗೋಡೆಗೆ ನೂರು ವರ್ಷ ವಯಸ್ಸಾಗಿಸಿದೆ. ಕೊನೆಗೆ ಗೂಟಕ್ಕೆ ನಮ್ಮ ಅಜ್ಜಿಯ ಜಪಸರವನ್ನು ತೂಗುಹಾಕಿದೆ. ನಿರ್ದೇಶಕ ಆ ಸರದಿಂದಲೇ ಶಾಟ್ ಶುರುಮಾಡಿದ. ಅಲ್ಲಿಂದ ಬೆಂಗಳೂರು, ಅಸಿಸ್ಟೆಂಟ್, ಸೆಟ್ ಡೆಕೋರೇಟರ್, ಕಲಾ ನಿರ್ದೇಶಕಿ. ಈಗ ಕಾರ್ಡಿನ ಮೇಲೆ ಪ್ರೊಡಕ್ಷನ್ ಡಿಸೈನರ್ ಎಂದು ಹಾಕಿಸಿಕೊಂಡಿದ್ದೇನೆ. ಆ ಕಾರ್ಡನ್ನು ಕಾಕಾಗೆ ತೋರಿಸಿದಾಗ ದೂರ ಹಿಡಿದು ಎಡಗಣ್ಣು ಮುಚ್ಚಿ ಓದಿದರು.

"ಅಂದ್ರ ಏನ ಮಾಡ್ತಿ?"

"ಸಿನಿಮಾದಾಗ ಏನೇನ ಕಾಣತೈತಿ, ಅದನ್ನೆಲ್ಲಾ ನಾನ ನೋಡ್ಕೋತೀನ್ರಿ ಕಾಕಾ."

"ಮತ್ತ ಕಾಣಲಾರದ್ದು?"

"ಅದನ್ನ ಯಾರೂ ನೋಡ್ಕೊಳ್ಳಂಗಿಲ್ರಿ."

"ಹಂಗಾರ ಅದನ್ನೂ ನೀನ ನೋಡ್ಕೊಂಡಿರು" ಎಂದು ಕಾರ್ಡನ್ನು ಗಂಜಿ ಡಬ್ಬಿಯ ಪಕ್ಕದ ಗೋಡೆಗೆ ಮೊಳೆ ಹೊಡೆದು ಸಿಕ್ಕಿಸಿದರು.

ನನಗೆ ಸ್ವಲ್ಪ ಹೆಸರು ಬಂದ ಮೇಲೆ ಟಿವಿಯವರೊಬ್ಬರು ಸಂದರ್ಶನ ಮಾಡಿದರು. ನಿಮ್ಮ ಸೆಟ್‌ಗಳು ಅಷ್ಟು ಸಹಜವಾಗಿ ಕಾಣುವ ಗುಟ್ಟೇನು ಎಂದು ಕೇಳಿದರು. ಪೂರ್ತಿ ಸುಳ್ಳನ್ನು ಯಾರೂ ನಂಬುವುದಿಲ್ಲ, ಅದರಲ್ಲೊಂದು ನಿಜ ಇಡಬೇಕು, ಅದು ನಾನು ಕಂಡುಕೊಂಡ ಸೂತ್ರ ಎಂದೆ. ನಾನು ಕಂಡುಕೊಂಡ. ಬಾಯಿಂದ ಹೊರಟೇಹೋಯಿತು ಎಂದು ಹೇಳಿ ಜಾರಿಕೊಳ್ಳಬಹುದು, ಆದರೆ ಹಾಗಲ್ಲ, ಹೇಳುವ ಮುಂಚೆ ಅರೆಗಳಿಗೆ ಯೋಚಿಸಿದ್ದೆ. ಕಾಕಾ ಅದನ್ನು ಚಹಾದ ಅಂಗಡಿಯಲ್ಲಿ ನೋಡಿದ್ದರು. ಮುಂದಿನ ಸಲ ಹೋದಾಗ, "ನಾ ಅಂದದ್ದು ನಿನ್ನ ಬಾಯಾಗ ಭಾಳ ಛಲೋ ಕೇಳಸ್ತೈತಿ ಬಿಡು" ಎಂದರು. ಮುಖ ನೋಡಿದೆ. ಅದರಲ್ಲಿ ಕೊಂಕಿರಲಿಲ್ಲ. ಕೊಂಕಿದ್ದಿದ್ದರೆ ನಾನು ಅಲ್ಲಿಗೇ ಎಚ್ಚರಾಗುತ್ತಿದ್ದೆನೇನೋ.

ಇನ್ನು ಮುಖ್ಯ ಮಾತಿಗೆ ಬರಬೇಕು. ಬರೆಯಲು ಕೂತಾಗಿನಿಂದ ಅದರ ಸುತ್ತಲೇ ಸುಳಿಯುತ್ತಿದ್ದೇನೆ.

ಒಂದು ನಾಟಕ ಕಂಪನಿ ಮುಳುಗುವ ಕಥೆಯ ಸಿನಿಮಾ ನನಗೆ ಸಿಕ್ಕಿತು. ಕೊನೆಯ ದೃಶ್ಯದಲ್ಲಿ ರಂಗಮಂದಿರಕ್ಕೆ ಬೆಂಕಿ ಬಿದ್ದು ದರ್ಬಾರ ಪರದೆ ಉರಿದುಹೋಗುತ್ತದೆ. ಬೀಳಗಿಯ ಹೊರಗೆ ಖಾಲಿ ಬಿದ್ದಿದ್ದ ಒಂದು ಗೋದಾಮಿನಲ್ಲಿ ಸೆಟ್ ಹಾಕಿದೆ. ಪರದೆಯನ್ನು ಬೆಂಗಳೂರಿನಲ್ಲಿ ಫ್ಲೆಕ್ಸ್ ಮೇಲೆ ಪ್ರಿಂಟ್ ಮಾಡಿಸಿ ತಂದಿದ್ದೆ. ಅದರ ಒಂದು ತುಂಡನ್ನು ಸುಟ್ಟು ನೋಡಿದರೆ ಪ್ಲಾಸ್ಟಿಕ್ಕಿನ ಹಾಗೆ ಕರಗಿ ತೊಟ್ಟಿಕ್ಕಿತು, ಕರೀ ಹೊಗೆ ಎದ್ದಿತು. ನಿರ್ದೇಶಕರು ನನ್ನನ್ನು ಒಂದು ಬಗೆಯಲ್ಲಿ ನೋಡಿದರು. "ಇದು ಪರದೆಯಲ್ಲ ಮೇಡಂ, ಎಲೆಕ್ಷನ್ ಬ್ಯಾನರ್" ಎಂದರು. ಬೆಂಕಿ ದೃಶ್ಯಕ್ಕೆ ಇನ್ನು ನಾಲ್ಕು ದಿನವಿತ್ತು.

ಬೀಳಗಿಯಿಂದ ಬನಹಟ್ಟಿಗೆ ಎಷ್ಟು ಮಹಾ ದೂರ! ಕಾರು ಹತ್ತಿದೆ.

ಕಾಕಾಗೆ ಆಗ ಎಪ್ಪತ್ತು ದಾಟಿತ್ತು. ಹಳ್ಳಿಗಳಲ್ಲೂ ನಾಟಕಕ್ಕೆ ಫ್ಲೆಕ್ಸ್ ಬಂದು ಬಾಡಿಗೆ ಪರದೆಗಳನ್ನು ಕೇಳುವವರು ಕಡಿಮೆಯಾಗಿದ್ದರು. ಆದರೂ ಶೆಡ್ಡಿನಲ್ಲಿ ಗಂಜಿ ಕುದಿಯುತ್ತಿತ್ತು, ಯಾವುದೋ ಗಣಪತಿ ಮಂಟಪಕ್ಕೆ ಬೆಟ್ಟ ಬರೆಯುತ್ತಿದ್ದರು. ಹೆಂಡತಿ ನಾನು ಅವರನ್ನು ಕಾಣುವ ಮೊದಲೇ ತೀರಿಕೊಂಡಿದ್ದರು. ಮಗಳು ಮುಧೋಳದಲ್ಲಿ ನರ್ಸು. ಊಟಕ್ಕೆ ಪಕ್ಕದ ಮಗ್ಗದ ಮನೆ. ನನ್ನನ್ನು ನೋಡಿ, "ಬಾರ ತಂಗಿ, ಚಾ ಕುಡದಿಯಿಲ್ಲೋ?" ಎಂದರು. ನಾನು ಕೂತೆ. ನಾಯಿ ಇರುವ ದರ್ಬಾರ ಬೇಕು ಎಂದೆ.

ಆ ಪರದೆಯನ್ನು ಅವರು ಬಾಡಿಗೆಗೆ ಕೊಡುವುದನ್ನು ಬಿಟ್ಟು ವರ್ಷಗಳಾಗಿದ್ದವು. ಅಟ್ಟದ ಮೇಲೆ ಹಳೇ ಧೋತರದಲ್ಲಿ ಸುತ್ತಿ, ಬೇವಿನೆಲೆ ಹಾಕಿ ಇಟ್ಟಿದ್ದರು. ಕುಂಚವನ್ನು ಡಬ್ಬಿಯೊಳಗೆ ನಿಲ್ಲಿಸಿ ನನ್ನ ಕಡೆ ತಿರುಗಿದರು.

"ಎದಕ್ಕ ಬೇಕಾಗಿತ್ತು?"

ಉತ್ತರ ಕರ್ನಾಟಕದವರಲ್ಲದ ಓದುಗರಿಗೆ ಇಲ್ಲಿ ಒಂದು ಮಾತು ಹೇಳಬೇಕು. ನಮ್ಮ ಕಡೆ ಹತ್ತು ಎಂಬ ಕ್ರಿಯಾಪದ ನೂರು ಕೆಲಸ ಮಾಡುತ್ತದೆ. ಜಂಪರಿಗೆ ಎಷ್ಟು ಬಟ್ಟೆ ಹತ್ತುತ್ತದೆ ಎಂದರೆ ಎಷ್ಟು ಬೇಕಾಗುತ್ತದೆ ಎಂದು. ಮಗ ಕೆಲಸಕ್ಕೆ ಹತ್ತಿದ ಎಂದರೆ ನೌಕರಿ ಸಿಕ್ಕಿತು ಎಂದು. ಟಾಕೀಸಿನಲ್ಲಿ ಯಾವ ಪಿಕ್ಚರ್ ಹತ್ತಿದೆ ಎಂದೂ ಕೇಳುತ್ತೇವೆ. ಬೆಂಕಿಯೂ ಹತ್ತುತ್ತದೆ.

"ಪಿಕ್ಚರಿನ್ಯಾಗ ಹತ್ತತೈತ್ರಿ ಕಾಕಾ" ಎಂದೆ.

ಆ ಶಬ್ದ ತಾನಾಗಿ ಬಂದದ್ದಲ್ಲ. ಬೀಳಗಿಯಿಂದ ಬರುವಾಗ ಕಾರಿನಲ್ಲಿ ಹುಡುಕಿ ಹುಡುಕಿ ಆರಿಸಿದ ಶಬ್ದ. ಸುಳ್ಳು ಹೇಳಿದೆ ಎಂದು ನಾಳೆ ಯಾರೂ ಬೆರಳು ಮಾಡಬಾರದು, ನಿಜವೂ ಹೊರಬೀಳಬಾರದು. ಸುಳ್ಳಿನೊಳಗೆ ಒಂದು ಖರೆ ಇಡಬೇಕು ಎಂದು ಹೇಳಿಕೊಟ್ಟವರ ಮೇಲೆಯೇ ಅವರ ಪಾಠ ಪ್ರಯೋಗಿಸಿದ್ದೆ. ಅವರು ಆ ಒಂದು ಖರೆಯನ್ನು ಹಿಡಿದುಕೊಂಡು ಉಳಿದದ್ದನ್ನೆಲ್ಲ ನಂಬಿದರು.

"ಎಷ್ಟೊತ್ತು ಕಾಣತೈತಿ?"

"ಕಡೀ ಸೀನಿನ್ಯಾಗ ಪೂರಾ ಅದ ಕಾಣತೈತ್ರಿ. ಬೆಳಕು ಅಂತೂ ಕೇಳಬ್ಯಾಡ್ರಿ."

ಕಾಕಾ ಎದ್ದರು. ನಾವಿಬ್ಬರೂ ಸೇರಿ ಪರದೆ ಇಳಿಸಿ ಹಗ್ಗಕ್ಕೆ ಏರಿಸಿದೆವು. ಅವರು ಕಟ್ಟೆಗೆ ಹೋಗಿ ನೋಡಿ ಬಂದರು. ಆಮೇಲೆ ನನ್ನ ಜೀವಮಾನದಲ್ಲಿ ಅವರು ಮಾಡಿದ್ದನ್ನು ಕಂಡಿರದ ಕೆಲಸ ಮಾಡಿದರು. ಕುಂಚವನ್ನು ಗಳದಿಂದ ಬಿಚ್ಚಿ, ಕನ್ನಡಕ ಹಾಕಿಕೊಂಡು, ನಾಯಿಯ ಮುಂದೆ ಕುಕ್ಕರುಗಾಲಲ್ಲಿ ಕೂತು ಅದರ ಕಣ್ಣಿಗೆ ಒಂದು ಬಿಳಿ ಚುಕ್ಕೆ ಇಟ್ಟರು. "ಮುದುಕಿ ಕಡೀ ಸಾಲಿನ್ಯಾಗ ಕುಂದರತಾಳ. ನಿಮ್ಮ ಕ್ಯಾಮೆರಾ ಮುಂದ ಬಂದು ನಿಂದರತೈತೆಲ್ಲ, ಅದಕ್ಕ" ಎಂದರು. ನನಗೆ ಆಗಲಾದರೂ ಬಾಯಿ ಬರಬೇಕಿತ್ತು. ಬರಲಿಲ್ಲ. ಪರದೆಯನ್ನು ಗಾಡಿಗೆ ಹಾಕುವಾಗ, "ಮಡಚಬ್ಯಾಡ ತಂಗಿ, ಸುತ್ತಿಕೊಂಡ ಹೋಗು. ಮಡಚಿದ್ರ ಬಣ್ಣ ಒಡೀತಾವ" ಎಂದು ಎರಡು ಸಲ ಹೇಳಿದರು. ಶೂಟಿಂಗ್ ಯಾವತ್ತು, ನೋಡಲು ಬರುತ್ತೇನೆ ಎಂದರು. ನಾನು ಬೆಂಕಿ ದೃಶ್ಯದ ಮರುದಿನದ ತಾರೀಖು ಹೇಳಿದೆ.

ಬೆಂಕಿ ದೃಶ್ಯ ಒಂದೇ ಶಾಟಿನಲ್ಲಿ ಮುಗಿಯಿತು. ಗಂಜಿ ಕೊಟ್ಟ ಹತ್ತಿ ಬಟ್ಟೆ, ಹದವಾದ ಅಂಟು, ಪುಡಿಬಣ್ಣ. ಮೇಲಿನ ಗಳದಿಂದ ಹಿಡಿದ ಬೆಂಕಿ ಕಮಾನು ಸುಟ್ಟು, ಕಂಬ ಸುಟ್ಟು, ಅವಸರವಿಲ್ಲದೆ ಕೆಳಗಿಳಿಯಿತು. ನಾಯಿಗೆ ಕೊನೆಯಲ್ಲಿ ಬಂತು. ಮಾನಿಟರಿನಲ್ಲಿ ಆ ಕಣ್ಣಿನ ಬಿಳಿ ಚುಕ್ಕೆ ಒಂದು ಕ್ಷಣ ಹೊಳೆಯಿತು. ಕ್ಯಾಮೆರಾದವರು ಅದನ್ನು ಹಿಡಿದುಕೊಂಡಿದ್ದರು. ಕಟ್ ಎಂದ ಕೂಡಲೇ ಎಲ್ಲರೂ ಚಪ್ಪಾಳೆ ತಟ್ಟಿದರು. ನಿರ್ದೇಶಕರು ನನ್ನ ಎರಡೂ ಕೈ ಹಿಡಿದುಕೊಂಡರು. ನಾನೂ ನಕ್ಕೆ. ಅದನ್ನು ಮುಚ್ಚಿಡುವುದಿಲ್ಲ, ಆಗ ನನಗೆ ಹೆಮ್ಮೆಯೇ ಆಯಿತು.

ಮರುದಿನ ಬೆಳಿಗ್ಗೆ ಕಾಕಾ ಬಂದರು. ಇಸ್ತ್ರಿ ಮಾಡಿದ ಅಂಗಿ, ಬಿಳಿ ಟೋಪಿ, ಬಗಲಲ್ಲಿ ಮಡಚಿದ ಹೊಸ ಮಾದರಪಾಟು ಬಟ್ಟೆ. ಪರದೆಯನ್ನು ವಾಪಸು ಒಯ್ಯುವಾಗ ಸುತ್ತಲು ತಂದದ್ದು ಎಂದು ನೋಡಿದ ಕೂಡಲೇ ತಿಳಿಯಿತು. ಬಸ್ ಇಳಿದು ನಡೆದು ಬರುತ್ತಿದ್ದ ಅವರನ್ನು ನಾನು ಕಾರಿನೊಳಗಿಂದ ನೋಡಿದೆ. ಇಳಿಯಲಿಲ್ಲ. ನನ್ನ ಅಸಿಸ್ಟೆಂಟಿಗೆ ಫೋನ್ ಮಾಡಿ, ಮೇಡಂ ಪರದೆ ತಗೊಂಡು ಬೆಂಗಳೂರಿಗೆ ಹೋಗಿದ್ದಾರೆ, ಅಲ್ಲಿ ಇನ್ನೂ ಶೂಟಿಂಗ್ ಇದೆ ಎಂದು ಹೇಳಲು ಹೇಳಿದೆ. ಗಾಜು ಏರಿಸಿ ಸೀಟಿನಲ್ಲಿ ತಗ್ಗಿ ಕೂತೆ. ಎಪ್ಪತ್ತು ದಾಟಿದ ಮನುಷ್ಯ ಬಿಸಿಲಲ್ಲಿ ನಿಂತಿದ್ದರು, ನಲವತ್ತು ವರ್ಷದ ನಾನು ಎ.ಸಿ. ಹಾಕಿಕೊಂಡು ಅಡಗಿದ್ದೆ.

ಅಸಿಸ್ಟೆಂಟ್ ಹೇಳಿದ್ದನ್ನು ಅವರು ತಲೆಯಾಡಿಸುತ್ತ ಕೇಳಿಸಿಕೊಂಡರು. ಗೋದಾಮಿನ ಒಳಗೆ ಹೋಗಿ ಬಂದರು. ತುಸು ಹೊತ್ತು ಆಯಿತು ಅನಿಸಿತು, ನಾನು ಆಗ ನೋಡುವುದನ್ನೇ ಬಿಟ್ಟಿದ್ದೆ. ಹೋಗುವಾಗ ಆ ಮಾದರಪಾಟು ಬಟ್ಟೆಯನ್ನು ಅಸಿಸ್ಟೆಂಟಿನ ಕೈಗೆ ಕೊಟ್ಟು ಹೋದರು. "ಇದನ್ನ ಅವರಿಗಿ ಕೊಡ್ರಿ" ಎಂದರಂತೆ. ಅಷ್ಟೇ.

ಆಮೇಲೆ ಒಂಬತ್ತು ತಿಂಗಳು ನಾನು ಆ ಕಡೆ ಹಾಯಲಿಲ್ಲ. ರಬಕವಿಯ ಮನೆಗೆ ಬಂದರೂ ಬನಹಟ್ಟಿಗೆ ಕಾಲಿಡದೆ ವಾಪಸಾದೆ. ಎರಡೂ ಊರು ಒಂದಕ್ಕೊಂದು ಅಂಟಿಕೊಂಡಿವೆ, ನಡೆದು ಹೋಗಬಹುದು. ಸಿನಿಮಾ ಬಿಡುಗಡೆಯ ದಿನ ಗೊತ್ತಾದ ಮೇಲೆ ಮಾತ್ರ ನಿದ್ದೆ ಹಾರಿತು. ಟಾಕೀಸಿನಲ್ಲಿ ಕೂತು ಅವರೇ ನೋಡುವ ಮೊದಲು ನನ್ನ ಬಾಯಿಂದ ಹೇಳಿಬಿಡಬೇಕೆಂದು ಹೊರಟೆ.

ಶೆಡ್ಡಿನಲ್ಲಿ ಕಾಕಾ ಎಂದಿನಂತೆ ನಿಂತು ಬರೆಯುತ್ತಿದ್ದರು. ಬಾಗಿಲಲ್ಲಿ ನೆರಳು ಬಿದ್ದದ್ದಕ್ಕೆ ತಿರುಗಿ ನೋಡಿದರು.

"ಬರ್ರಿ ಅಕ್ಕೋರ. ಕುಂದರ್ರಿ" ಎಂದರು.

ಕೆನ್ನೆಗೆ ಹೊಡೆದಿದ್ದರೆ ಅಷ್ಟು ಉರಿಯುತ್ತಿರಲಿಲ್ಲ. ಅಲ್ಲಿಗೇ ತಿಳಿಯಬೇಕಿತ್ತು. ಆದರೆ ಆಸೆ ಕೆಟ್ಟದ್ದು, ಏನೋ ಮರೆವಿನಿಂದ ಅಂದಿರಬೇಕು ಎಂದುಕೊಂಡೆ. "ಕಾಕಾ, ಒಂದ ಮಾತ ಹೇಳಬೇಕಾಗಿತ್ರಿ" ಎಂದೆ.

"ಹೇಳ್ರಿ."

ನನ್ನ ಕಣ್ಣು ಅವರ ಕೈಯಲ್ಲಿದ್ದ ಗಳದ ಮೇಲೆ ಬಿತ್ತು. ಕುಂಚ ಕಟ್ಟಿದ್ದ ಆ ಬಿದಿರಿನ ಮೇಲ್ತುದಿ ಒಂದು ಗೇಣಿನಷ್ಟು ಕರಕಲಾಗಿತ್ತು. ಅದು ದರ್ಬಾರ ಪರದೆಯ ಗಳದಲ್ಲಿ ಸುಡದೆ ಉಳಿದ ತುಂಡು. ಅವರದೇ ಗಂಟಿನ ಗುರುತು ಇನ್ನೂ ಇತ್ತು. ಕಾಕಾ ನನ್ನ ಕಣ್ಣು ಎಲ್ಲಿದೆ ಎಂದು ನೋಡಿದರು.

"ಬೀಳಗ್ಯಾಗ ಬಿದ್ದಿತ್ರಿ. ಗಳ ಗಟ್ಟಿ ಐತಿ, ಒಂದ ಕಡೆ ಅಷ್ಟ ಸುಟ್ಟಿತ್ತು. ತಂದ್ನಿ."

ಅವತ್ತೇ ಗೊತ್ತಾಗಿತ್ತು. ಬೂದಿಯನ್ನು ನೋಡಿ, ಗಳವನ್ನು ಎತ್ತಿಕೊಂಡು, ಒಂದು ಮಾತೂ ಆಡದೆ ಬಸ್ ಹತ್ತಿದ್ದರು. ನಾನು ಅರಿವಿಲ್ಲದೆಯೇ ಅಳತೊಡಗಿದೆ. "ಬೈಯ್ರಿ ಕಾಕಾ, ಅವತ್ತ ಅಲ್ಲೇ ಯಾಕ ಬೈಯಲಿಲ್ರಿ?" ಎಂದೆ.

"ನಿಮ್ಮ ಕೈಕೆಳಗಿನ ಮಂದಿ ಅಷ್ಟ ಜನಾ ನಿಂತಿದ್ರು. ಅವರ ಮುಂದ ಏನಂತ ಕೇಳೂದ್ರಿ?" ಕುಂಚವನ್ನು ಡಬ್ಬಿಯಲ್ಲಿ ನಿಲ್ಲಿಸಿದರು. "ನೀವು ಹತ್ತತೈತಿ ಅಂದಿದ್ರಿ. ಹತ್ತಿತು. ಸುಳ್ಳೇನ ಹೇಳಲಿಲ್ಲ ಬಿಡ್ರಿ."

ಪಕ್ಕದ ಮನೆಯ ಮಗ್ಗ ನಿಂತು ಮತ್ತೆ ಶುರುವಾಯಿತು. ಆಮೇಲೆ ಅವರು ಸಣ್ಣ ದನಿಯಲ್ಲಿ, ಯಾವುದೋ ಕೆಲಸದ ಲೆಕ್ಕಾಚಾರ ಹೇಳುವವರಂತೆ ಹೇಳಿದರು.

"ಸುಡಾಕ ಬೇಕು ಅಂದಿದ್ರ, ಸುಡಾಕಂತನ ಒಂದು ಬರದ ಕೊಡತಿದ್ನೆಲ್ರಿ ಅಕ್ಕೋರ. ಮೂರ ದಿನದ ಕೆಲಸ."

ನನಗೆ ನಾಲ್ಕು ದಿನವಿತ್ತು.

ಕೇಳಿದರೆ ಒಲ್ಲೆ ಅಂದಾರು ಎಂಬ ಭಯಕ್ಕೆ ಮುಚ್ಚಿಟ್ಟೆ ಎಂದು ಅಲ್ಲಿಯವರೆಗೆ ನನಗೆ ನಾನೇ ಸಮಾಧಾನ ಹೇಳಿಕೊಂಡಿದ್ದೆ. ಅದೂ ಪೂರ್ತಿ ನಿಜವಲ್ಲ. ಹೊಸದೊಂದನ್ನು ಬರೆದುಕೊಡಿ ಎಂದು ಕೇಳಬಹುದೆಂಬುದು ನನಗೆ ಹೊಳೆಯಲೇ ಇಲ್ಲ. ಗಂಜಿ ಕುದಿಯುತ್ತಿದ್ದ ಶೆಡ್ಡಿನಲ್ಲಿ, ಕುಂಚ ಹಿಡಿದು ನಿಂತಿದ್ದವರ ಎದುರೇ ಕೂತು ಅವರ ಅಟ್ಟವನ್ನು ನೋಡುತ್ತಿದ್ದೆ. ಅವರು ನನ್ನ ಪಾಲಿಗೆ ಪರದೆ ಬರೆಯುವವರಾಗಿ ಉಳಿದಿರಲಿಲ್ಲ, ಹಳೇ ಪರದೆ ಇಟ್ಟುಕೊಂಡವರಾಗಿದ್ದರು. ಸಿನಿಮಾದಲ್ಲಿ ಕಾಣುವುದನ್ನೆಲ್ಲ ನೋಡಿಕೊಳ್ಳುವವಳು ನಾನು! ಎದುರಿಗಿದ್ದ ಮನುಷ್ಯ ಕಾಣಲಿಲ್ಲ.

ಅವತ್ತು ಚಹಾ ತರಿಸಿದರು. ಕುಡಿದೆ. ಬಾಗಿಲವರೆಗೂ ಬಂದು, "ಹೋಗಿ ಬರ್ರಿ" ಎಂದರು. ಮುಂದೆಯೂ ಮೂರು ನಾಲ್ಕು ಸಲ ಹೋದೆ. ಯಾವತ್ತೂ ಚಹಾಕ್ಕೆ ಕಡಿಮೆ ಮಾಡಲಿಲ್ಲ, ಮಾತಿಗೂ ಕಡಿಮೆ ಮಾಡಲಿಲ್ಲ. ಗೌರವಕ್ಕಂತೂ ಕಡಿಮೆಯೇ ಇರಲಿಲ್ಲ. ಅಕ್ಕೋರ, ಬರ್ರಿ, ಕುಂದರ್ರಿ. ಒಂದು ಸಲ ಬೇಕೆಂದೇ ಚಪ್ಪಲಿ ಕಾಲಲ್ಲಿ ಪರದೆಯ ಅಂಚಿನವರೆಗೆ ಹೋಗಿ ನಿಂತೆ, ಒದರಲಿ ಎಂದು. "ಅಕ್ಕೋರ, ಚಪ್ಪಲ್ ಒಂಚೂರು" ಎಂದು ಮೆಲ್ಲಗೆ ಹೇಳಿದರು.

ಹೋದ ಶ್ರಾವಣದಲ್ಲಿ ಅವರು ತೀರಿಕೊಂಡರು. ಎರಡು ದಿನದ ಜ್ವರವಂತೆ. ಫೋನ್ ಮಾಡಿದ್ದು ಮುಧೋಳದ ಮಗಳು. ನಾನು ತಲುಪುವಷ್ಟರಲ್ಲಿ ಮಣ್ಣು ಮಾಡಿ ಬಂದಿದ್ದರು. ಓಣಿಯ ಮಗ್ಗಗಳೆಲ್ಲ ಅವತ್ತು ನಿಂತಿದ್ದವು. ಆ ಓಣಿಯನ್ನು ಅಷ್ಟು ಸುಮ್ಮನೆ ನಾನು ಎಂದೂ ಕೇಳಿರಲಿಲ್ಲ. ಬೆಂಗಳೂರಿನಿಂದ ಹೊರಡುವಾಗ ಆ ಮಾದರಪಾಟು ಬಟ್ಟೆಯನ್ನು ಚೀಲದಲ್ಲಿ ಹಾಕಿಕೊಂಡಿದ್ದೆ. ಒಂದು ಸಲವೂ ಬಿಚ್ಚಿರಲಿಲ್ಲ. ಮಗಳ ಕೈಗೆ ಕೊಟ್ಟು, ಕಾಕಾರದು, ಪರದೆ ಸುತ್ತಲು ಕೊಟ್ಟಿದ್ದರು ಎಂದೆ.

ಆಕೆ ಬಟ್ಟೆಯನ್ನು ಮುಟ್ಟಿ ನೋಡಿ, ಮತ್ತೆ ನನ್ನ ಮಡಿಲಿಗೇ ಇಟ್ಟಳು. "ಇದನ್ನ ನನಗ್ಯಾಕ ಕೊಡತೀರಿ? ಪರದಿ ನಿಮ್ಮ ಹಂತ್ಯಾಕ ಐತೆಲ್ರಿ" ಎಂದಳು.

ಪರದೆ ನನ್ನ ಹತ್ತಿರ ಇದೆ ಎಂದದ್ದು ನನಗೆ ಅರ್ಥವಾಗಲಿಲ್ಲ.

"ಪಿಕ್ಚರ್ ಬಂದಾಗ ಅಪ್ಪ ನಮ್ಮನ್ನೆಲ್ಲಾ ಕರಕೊಂಡ ಹೋಗಿದ್ದ, ಓಣಿ ಮಂದಿನೂ ಇದ್ರು. ಪರದಿ ಉರಿಯೂವಾಗ ನಾ ಟಾಕೀಸಿನ್ಯಾಗ ಅತ್ತ ಬಿಟ್ನಿ. ಅಪ್ಪ ನಕ್ಕ. ಹುಚ್ಚಿ ಅದೀ ಏನು, ಅದು ಸುಡಾಕಂತನ ಬರದ ಕೊಟ್ಟದ್ದು, ಖರೆ ಪರದಿ ತಂಗಿ ಹಂತ್ಯಾಕ ಬೆಂಗಳೂರಾಗ ಜ್ವಾಕಿ ಐತಿ ಅಂದ. ಎಲ್ಲಾರಿಗೂ ಹಂಗ ಹೇಳಿದ." ಕಣ್ಣೊರೆಸಿಕೊಂಡಳು. "ಮುಂದಿನ ಶ್ರಾವಣಕ್ಕ ಅಪ್ಪನ ಹೆಸರಿಲೆ ಒಂದು ನಾಟಕಾ ಮಾಡಬೇಕಂತಾರ್ರಿ ಓಣ್ಯಾಗ. ಆ ದರ್ಬಾರನ ಕಟ್ಟಬೇಕಂತಾರ. ತರ್ತೀರೆಲ್ರಿ? ಛಲೋ ಐತೆಲ್ರಿ ಪರದಿ?"

ಶೆಡ್ಡಿನ ತುಂಬ ಜನ ಕೂತಿದ್ದರು. ಎಲ್ಲರೂ ನನ್ನ ಕಡೆ ನೋಡುತ್ತಿದ್ದರು. ಗಂಜಿ ಡಬ್ಬಿಯ ಪಕ್ಕ ನನ್ನ ಕಾರ್ಡು ಹಾಗೇ ಮೊಳೆಯಲ್ಲಿತ್ತು. ಕರಕಲು ತುದಿಯ ಗಳ ಮೂಲೆಗೆ ಆತುಕೊಂಡಿತ್ತು, ಯಾರೂ ಅದನ್ನು ಗಮನಿಸಿರಲಿಲ್ಲ.

"ಐತ್ರಿ" ಎಂದೆ. "ಛಲೋ ಐತ್ರಿ."

ನನ್ನನ್ನು ಎದುರಿಗೆ ಅಕ್ಕೋರು ಮಾಡಿ ದೂರ ಇಟ್ಟವರು, ಊರಿನ ಮುಂದೆ ತಂಗಿ ಎಂದು ಕಾಯ್ದಿದ್ದರು. ನನ್ನ ಮಾನ ಉಳಿಸಲು ಆ ಮನುಷ್ಯ ತಾನೊಂದು ಸುಳ್ಳು ಹೇಳಿದ್ದರು, ಮತ್ತು ಅದರಲ್ಲಿ ಒಂದೇ ಒಂದು ಖರೆಯನ್ನೂ ಇಟ್ಟಿರಲಿಲ್ಲ. ಅದನ್ನು ಖರೆ ಮಾಡುವ ಅವಕಾಶ ನನಗೆ ಅವರ ಶೆಡ್ಡಿನಲ್ಲೇ ಸಿಕ್ಕಿತ್ತು, ಬೆಂಕಿ ದೃಶ್ಯಕ್ಕೆ ನಾಲ್ಕು ದಿನ ಮೊದಲೇ.

ಶ್ರಾವಣ ಬರುತ್ತಿದೆ. ಮಗಳು ಎರಡು ಸಲ ಫೋನ್ ಮಾಡಿದ್ದಾಳೆ, ನಾನು ಎತ್ತಿಲ್ಲ. ಇದು ಅಚ್ಚಾದ ಕೂಡಲೇ ಅವಳಿಗೆ ಒಂದು ಪ್ರತಿ ಕೊಟ್ಟು, ಓದುವವರೆಗೂ ಎದುರು ಕೂತಿರಬೇಕೆಂದು ನಿಶ್ಚಯಿಸಿದ್ದೇನೆ. ಈ ಸಲ ಕಾರಿನಲ್ಲಿ ಅಡಗುವುದಿಲ್ಲ. ತಂಗೀ, ನಿಮ್ಮ ಅಪ್ಪನ ಪರದೆ ನನ್ನ ಹತ್ತಿರ ಇಲ್ಲ. ಬೀಳಗಿಯ ಗೋದಾಮಿನಲ್ಲಿ ಸುಟ್ಟದ್ದು ಅದೇ, ಸುಟ್ಟವಳು ನಾನು. ಸುಡಲಿಕ್ಕೆಂದು ಅವರು ಬೇರೆ ಪರದೆ ಬರೆಯಲಿಲ್ಲ. ನಾನು ಕೇಳಲಿಲ್ಲ.